ಹನ್ಶಿರೋ ಆ ಮೂವರನ್ನು ಯಾಕೆ ಕೊಲ್ಲಲಿಲ್ಲ?

ನನ್ನ ಮಾತು ಕೇಳಿ ಜಪಾನೀ ಸಿನಿಮಾ ‘ಹರಾಕಿರಿ’ ನೋಡಿದವರೆಲ್ಲ, ಅದರ ನಾಯಕನಾದ ಸಮುರಾಯ್ ಯೋಧ ಹನ್ಶಿರೋ ಬಗ್ಗೆ ಇದನ್ನೇ ಕೇಳುತ್ತಾರೆ. ಅಳಿಯನ ಸಾವಿಗೆ ಕಾರಣರಾದ ಮೂವರೂ ಕೈಗೆ ಸಿಕ್ಕಿದ್ದರಲ್ಲ, ಬರೀ ಜುಟ್ಟು ಕತ್ತರಿಸಿ ಯಾಕೆ ಬಿಟ್ಟ? ಸಿನಿಮಾ ನೋಡದವರು ಇಲ್ಲಿಗೇ ನಿಲ್ಲಿಸಿ, ಮೊದಲು ನೋಡಿ ಬನ್ನಿ.

ನಿರ್ದೇಶಕ ಮಸಾಕಿ ಕೊಬಯಾಶಿ ಇದನ್ನು ಮಾಡಿದ್ದು 1962ರಲ್ಲಿ. ಕಥೆ ನಡೆಯುವುದು 1630ರ ಎಡೋದಲ್ಲಿ, ಅಂದರೆ ಇಂದಿನ ಟೋಕಿಯೋದಲ್ಲಿ. ಯುದ್ಧಗಳು ಮುಗಿದಿವೆ. ಒಡೆಯನನ್ನು ಕಳೆದುಕೊಂಡ ಸಮುರಾಯ್‌ಗಳು ಹೊಟ್ಟೆಗಿಲ್ಲದೆ ಅಲೆಯುತ್ತಿದ್ದಾರೆ. ಕೆಲವರು ದೊಡ್ಡ ಮನೆತನಗಳ ಬಾಗಿಲಿಗೆ ಹೋಗಿ, ನಿಮ್ಮ ಅಂಗಳದಲ್ಲಿ ಹೊಟ್ಟೆ ಬಗೆದುಕೊಂಡು ಗೌರವದಿಂದ ಸಾಯುತ್ತೇನೆ ಎನ್ನುತ್ತಾರೆ. ರಗಳೆ ಬೇಡ ಅಂತ ಒಳಗಿನವರು ದುಡ್ಡು ಕೊಟ್ಟು ಸಾಗಹಾಕುತ್ತಾರೆ.

ಅಳಿಯ ಮೊತೊಮೆ ಇಯಿ ಮನೆತನಕ್ಕೆ ಹೋದದ್ದೂ ಹಾಗೇ. ಹೆಂಡತಿಗೆ ಕಾಯಿಲೆ, ಮಗುವಿಗೆ ಜೋರು ಜ್ವರ. ಕತ್ತಿಯ ಅಲಗುಗಳನ್ನು ಮಾರಿ ಒರೆಯಲ್ಲಿ ಬಿದಿರು ಇಟ್ಟುಕೊಂಡಿದ್ದ. ಅವರು ಆ ಬಿದಿರಿನಿಂದಲೇ ಹೊಟ್ಟೆ ಬಗೆದುಕೊಳ್ಳುವಂತೆ ಮಾಡಿದರು. ಒಂದೆರಡು ದಿನ ಬಿಡಿ, ಖಂಡಿತ ವಾಪಸ್ ಬರುತ್ತೇನೆ ಎಂದು ಅಂಗಲಾಚಿದ. ಯಾಕೆ ಅಂತ ಒಬ್ಬನೂ ಕೇಳಲಿಲ್ಲ. ಮಾತು ಕೊಟ್ಟ ಮೇಲೆ ಸಾಯಲೇಬೇಕು, ಅದೇ ಸಮುರಾಯ್ ನಿಯಮ ಎಂದರು.

ಹನ್ಶಿರೋ ಆ ಮೂವರನ್ನು ಕೊಂದಿದ್ದರೆ, ಕತ್ತಿ ಹಿಡಿದೇ ಸತ್ತ ವೀರರು ಅಂತ ಮನೆತನ ಅವರನ್ನು ಹೊಗಳುತ್ತಿತ್ತು. ಜುಟ್ಟು ಕಳೆದುಕೊಂಡ ಸಮುರಾಯ್‌ಗೆ ಆ ಸುಖ ಇಲ್ಲ, ಅದು ಅವನಿಗೆ ಸಾವಿಗಿಂತ ದೊಡ್ಡ ಅವಮಾನ. ಮಾನ ಹೋದ ಮೇಲೆ ಸಾಯಲೇಬೇಕು. ಮೊತೊಮೆಗೆ ಹೇಳಿದ ನಿಯಮ ಅವರಿಗೂ ಇರಬೇಕಲ್ವಾ? ಅವರು ಮಾಡಿದ್ದೇನು? ಮೈ ಹುಷಾರಿಲ್ಲ ಅಂತ ಹೇಳಿ ಕಳಿಸಿ, ಕೂದಲು ಬೆಳೆಯುವ ತನಕ ಮನೆಯಲ್ಲಿ ಅಡಗಿ ಕೂತರು. ಇಯಿ ಮನೆಯವರೆಲ್ಲರ ಎದುರು ಹನ್ಶಿರೋ ಆ ಜುಟ್ಟುಗಳನ್ನು ಎಸೆಯುವಾಗ, ಅವನು ಬಯಲು ಮಾಡುತ್ತಿರುವುದು ಬರೀ ಮೂವರನ್ನಲ್ಲ.

ಆದರೆ ಹನ್ಶಿರೋನ ಸಿಟ್ಟು ತನ್ನ ಮೇಲೂ ಇದೆ. ಅಳಿಯನ ಹೆಣ ಮನೆಗೆ ಬಂದಾಗಲೇ ಅವನಿಗೆ ಬಿದಿರಿನ ವಿಷಯ ತಿಳಿಯುವುದು. ಆ ಹುಡುಗ ಸಂಸಾರಕ್ಕಾಗಿ ಕತ್ತಿಯನ್ನೇ ಮಾರಿದ, ನನಗೆ ಇದು ಹೊಳೆಯಲೇ ಇಲ್ಲವಲ್ಲ ಅಂತ ತನ್ನ ಕತ್ತಿಯನ್ನು ನೋಡಿ ಅಳುತ್ತಾನೆ. ಹನ್ಶಿರೋ ಪಾತ್ರ ಮಾಡಿದ ನಟ ತತ್ಸುಯ ನಕದೈಗೆ ಆಗ ಇನ್ನೂ 30 ತುಂಬಿರಲಿಲ್ಲ. ಅಳಿಯನನ್ನು ಕಳೆದುಕೊಂಡ ಮಾವನಾಗಿ ಅವರನ್ನು ಆ ದೃಶ್ಯದಲ್ಲಿ ನೋಡಿ. ನನಗೆ ಕತ್ತಿ ಕಾಳಗಗಳಿಗಿಂತ ಅದೇ ಜಾಸ್ತಿ ದೊಡ್ಡದು.

ಅವನು ಬಿಟ್ಟುಬಂದ ಮೂವರಲ್ಲಿ ಒಬ್ಬ ತಾನೇ ಹೊಟ್ಟೆ ಬಗೆದುಕೊಂಡ. ಉಳಿದಿಬ್ಬರೂ ಸಾಯಲೇಬೇಕು, ಒಪ್ಪದಿದ್ದರೆ ಬಲವಂತ ಮಾಡಿ ಎಂದು ಅಪ್ಪಣೆ ಕೊಟ್ಟದ್ದು ಅವರ ಮನೆತನವೇ. ಆಮೇಲೆ ಸತ್ತವರೆಲ್ಲ ಕಾಯಿಲೆಯಿಂದ ಸತ್ತರು ಅಂತ ದಫ್ತರದಲ್ಲಿ ಬರೆಸಿತು.