ಬಾಬ್ ಎಲ್ ಊಯೆದ್‌ನಲ್ಲಿ ಕೇಳಿದ ಅಹ್ಮದ್ ಮಾಲೆಕ್

ಕೆಲಸದ ನಿಮಿತ್ತ ಅಲ್ಜೀರಿಯಾದ ರಾಜಧಾನಿ ಅಲ್ಜಿಯರ್ಸ್‌ನಲ್ಲಿದ್ದಾಗ, 2018ರ ಒಂದು ಶುಕ್ರವಾರ, ಸಹೋದ್ಯೋಗಿಯೊಬ್ಬರು ನನ್ನನ್ನು ಮನೆಗೆ ಊಟಕ್ಕೆ ಕರೆದಿದ್ದರು. ಅಲ್ಲಿ ಶುಕ್ರವಾರವೇ ವಾರದ ರಜೆ. ನಮಾಜು ಮುಗಿದ ಮೇಲೆ ಮನೆಮಂದಿಯೆಲ್ಲ ಒಟ್ಟಿಗೆ ಕುಳಿತು ಕೂಸ್‌ಕೂಸ್ ಉಣ್ಣುವ ದಿನ. ಮನೆ ಇದ್ದದ್ದು ಬಾಬ್ ಎಲ್ ಊಯೆದ್ ಬಡಾವಣೆಯ ಹಳೆಯ ಕಟ್ಟಡವೊಂದರ ನಾಲ್ಕನೆಯ ಮಹಡಿಯಲ್ಲಿ. ಬಾಗಿಲು ತೆರೆದ ಅವರ ತಂದೆ, ನಾನು ಭಾರತದವನೆಂದು ತಿಳಿದದ್ದೇ ತಡ, ನನ್ನ ಎರಡೂ ಕೈ ಹಿಡಿದುಕೊಂಡು “ಜಾನಿತೂ!” ಎಂದರು.

ಆ ಮಾತು ನನಗೆ ಹೊಸದಾಗಿರಲಿಲ್ಲ. 1973ರ ‘ಆ ಗಲೇ ಲಗ್ ಜಾ’ ಚಿತ್ರಕ್ಕೆ ಆರ್. ಡಿ. ಬರ್ಮನ್ ಮಾಡಿದ ಹಾಡಿನಲ್ಲಿ ಬರುವ ‘ಜಾನೇ ತೂ ಯಾ ಜಾನೇ ನಾ’ ಎಂಬ ಸಾಲು ಅಲ್ಜೀರಿಯಾದವರ ಬಾಯಲ್ಲಿ ‘ಜಾನಿತೂ’ ಆಗಿ ನೆಲೆಸಿಬಿಟ್ಟಿದೆ. ನಾವು ಹೋದಲ್ಲೆಲ್ಲ ಅದೇ ನಮ್ಮ ಗುರುತು. ತಂದೆಯವರನ್ನು ನಾನು ಅಲ್ಲಿಯ ರೂಢಿಯಂತೆ ‘ಅಮ್ಮಿ’ ಎಂದು ಕರೆದೆ. ಚಿಕ್ಕಪ್ಪ ಎಂದು ಅರ್ಥ.

ಓದುವ ದಿನಗಳಲ್ಲಿ ದಾವಣಗೆರೆಯ ವಾದ್ಯಗೋಷ್ಠಿಯೊಂದರಲ್ಲಿ ಕೀಬೋರ್ಡ್ ನುಡಿಸುತ್ತಿದ್ದ ನನಗೆ, ಹಾಡಿಗಿಂತಲೂ ದೃಶ್ಯದ ಹಿಂದೆ ಹರಿಯುವ ಸಂಗೀತದ ಮೇಲೆ, ಅಂದರೆ ನಮ್ಮಲ್ಲಿ ರೀ-ರೆಕಾರ್ಡಿಂಗ್ ಎನ್ನುವ ಕೆಲಸದ ಮೇಲೆ, ಪ್ರೀತಿ ಹೆಚ್ಚು. ಇದನ್ನು ಬಲ್ಲ ಸಹೋದ್ಯೋಗಿ, ಊಟವಾದ ಮೇಲೆ ಪುದೀನ ಚಹಾ ಕುಡಿಯುತ್ತಾ, ತಮ್ಮ ಫೋನನ್ನು ಸಣ್ಣ ಸ್ಪೀಕರಿಗೆ ಜೋಡಿಸಿ ಅಲ್ಜೀರಿಯಾದ ಸಂಗೀತ ಸಂಯೋಜಕ ಅಹ್ಮದ್ ಮಾಲೆಕ್ ಅವರ ಚಿತ್ರಸಂಗೀತವನ್ನು ಹಾಕಿದರು. ಮೊದಲು ತಗ್ಗಿನ ಬೇಸ್ ಗಿಟಾರ್, ಅದರ ಮೇಲೆ ತೇಲಿಬಂದ ಕೊಳಲು, ಸ್ವಲ್ಪ ತಡೆದು ವಯೊಲಿನ್‌ಗಳು. ಕುಣಿಸುವ ಲಯವಿದ್ದರೂ ಒಳಗೊಂದು ವಿಷಾದವಿತ್ತು, ಮತ್ತು ಆ ವಿಷಾದಕ್ಕೆ ಸ್ವಲ್ಪವೂ ಆತುರವಿರಲಿಲ್ಲ.

ಚಹಾದ ಲೋಟ ಹಿಡಿದಿದ್ದ ಅಮ್ಮಿಯವರ ಕೈ ಅಲ್ಲಿಯೇ ನಿಂತಿತು. ಮುಂದಿನ ಸಾಲು ಬರುವ ಮೊದಲೇ ಅವರು ಅದನ್ನು ಗುನುಗಲು ತೊಡಗಿದರು. “ಇದು ಒಮರ್ ಗತ್ಲಾತೋ!” ಎಂದು ಚಿತ್ರದ ಹೆಸರು ಹೇಳಿದರು. ಸಂಗೀತ ಯಾರದ್ದೆಂದು ಮಗ ಕೇಳಿದಾಗ ಮಾತ್ರ ಅವರಿಗೆ ಉತ್ತರ ಹೊಳೆಯಲಿಲ್ಲ. ನಲವತ್ತು ವರ್ಷ ಮನಸ್ಸಿನಲ್ಲಿಟ್ಟುಕೊಂಡ ರಾಗಕ್ಕೆ ಒಡೆಯನೊಬ್ಬನಿದ್ದಾನೆ ಎಂಬುದನ್ನೇ ಅವರು ಯೋಚಿಸಿರಲಿಲ್ಲ.

ಮಾಲೆಕ್ ಅಜ್ಞಾತರೇನೂ ಆಗಿರಲಿಲ್ಲ. ಅಲ್ಜೀರಿಯಾದ ಟೆಲಿವಿಷನ್ ವಾದ್ಯವೃಂದವನ್ನು ವರ್ಷಗಟ್ಟಲೆ ನಡೆಸಿದವರು ಅವರು. 1962ರಲ್ಲಿ ಸ್ವತಂತ್ರವಾದ ದೇಶ ತನ್ನದೇ ಸಿನಿಮಾ ಕಟ್ಟಿಕೊಳ್ಳುತ್ತಿದ್ದ ಕಾಲದಲ್ಲಿ, ಇನ್‌ಸ್ಪೆಕ್ಟರ್ ತಾಹರ್‌ನ ಹಾಸ್ಯಚಿತ್ರದಿಂದ ಹಿಡಿದು ಮೆರ್ಜಾಕ್ ಅಲೂಆಶ್ ನಿರ್ದೇಶನದ ‘ಒಮರ್ ಗತ್ಲಾತೋ’ವರೆಗೆ (1976) ಹಲವು ಚಿತ್ರಗಳಿಗೆ ನಾದ ಕೊಟ್ಟರು. ಆದರೆ ಹಿನ್ನೆಲೆ ಸಂಗೀತಗಾರನ ಪಾಡೇ ಹಾಗೆ: ಕೆಲಸ ಚೆನ್ನಾಗಿ ಆದಷ್ಟೂ ಅದು ದೃಶ್ಯದಲ್ಲಿ ಕರಗಿಹೋಗುತ್ತದೆ. ಅವರು ತೀರಿಕೊಂಡದ್ದು 2008ರಲ್ಲಿ. ಬರ್ಲಿನ್‌ನ ಹಬೀಬಿ ಫಂಕ್ ಸಂಸ್ಥೆ ಆ ಸಂಗೀತವನ್ನು ಮತ್ತೆ ಎಲ್‌ಪಿಯಾಗಿ ತಂದದ್ದು 2016ರಲ್ಲಿ. ಪರದೇಶದ ಕಿವಿಗಳು ಅವರನ್ನು ಕಂಡುಕೊಳ್ಳುವ ಹೊತ್ತಿಗೆ ಅದನ್ನು ನೋಡಲು ಅವರಿರಲಿಲ್ಲ. ಇದು ನನಗೆ ಈಗಲೂ ನೋವಿನ ಸಂಗತಿ.

ಆ ಸಂಜೆ ನಾವು ಮೂವರೂ ಕುಳಿತು ‘ಒಮರ್ ಗತ್ಲಾತೋ’ ನೋಡಿದೆವು. ಒಮರ್ ಎಂಬ ಯುವಕ ಚಾಬಿ ಎನ್ನುವ ಅಲ್ಲಿಯ ಜನಪ್ರಿಯ ಸಂಗೀತವನ್ನೂ ಹಿಂದಿ ಸಿನಿಮಾದ ಹಾಡುಗಳನ್ನೂ ಟೇಪ್ ರೆಕಾರ್ಡರಿನಲ್ಲಿ ಹಿಡಿದಿಡುವ ಹುಚ್ಚಿನವನು. ಯಾರೋ ಆ ರೆಕಾರ್ಡರನ್ನು ಕಸಿದುಕೊಳ್ಳುತ್ತಾರೆ. ಗೆಳೆಯ ತಂದುಕೊಟ್ಟ ಬೇರೊಂದರ ಜೊತೆಗಿದ್ದ ಕ್ಯಾಸೆಟ್‌ನಲ್ಲಿ ಒಬ್ಬ ಹೆಣ್ಣುಮಗಳ ದನಿ ಇರುತ್ತದೆ, ಒಮರ್ ಆ ದನಿಗೇ ಮನಸೋಲುತ್ತಾನೆ. ಕೊನೆಗೆ ಅವಳು ರಸ್ತೆಯ ಆಚೆ ಇದ್ದಾಗ ಅವನಿಗೆ ದಾಟಲು ಧೈರ್ಯ ಬರುವುದಿಲ್ಲ. ಆ ದೃಶ್ಯ ಬಂದಾಗ ಅಮ್ಮಿಯವರು ಕಣ್ಣು ಮುಚ್ಚಿಕೊಂಡಿದ್ದರು. ನಿದ್ದೆ ಹತ್ತಿತೇನೋ ಎಂದುಕೊಂಡೆ. ಆದರೆ ಅವರ ಬೆರಳು ಮೊಣಕಾಲಿನ ಮೇಲೆ ಮೆಲ್ಲನೆ ತಾಳ ಹಾಕುತ್ತಿತ್ತು.

ಹೊರಡುವಾಗ ಅವರು ನನ್ನನ್ನು ತಡೆದರು. “ವ್ಲೀದಿ (ಮಗನೇ), ಆ ಜಾನಿತೂ ಅಂದರೆ ಏನು? ಮದುವೆಗೆ ಮೊದಲಿನಿಂದ ಹಾಡುತ್ತಿದ್ದೇನೆ, ಅರ್ಥ ಹೇಳುವವರು ಯಾರೂ ಸಿಕ್ಕಲಿಲ್ಲ” ಎಂದರು. ‘ನಿನಗೆ ಗೊತ್ತಿರಲಿ, ಗೊತ್ತಿಲ್ಲದಿರಲಿ’ ಎಂದು ನನ್ನ ಹರಕು ಫ್ರೆಂಚ್‌ನಲ್ಲಿ ಹೇಳಿದೆ. ಅವರು ಒಳಗೆ ಹೋಗಿ ಔಷಧಿಯ ಚೀಟಿಯೊಂದನ್ನು ತಂದು ಅದರ ಹಿಂಬದಿಯಲ್ಲಿ ನನ್ನಿಂದ ಆ ಮಾತನ್ನು ಬರೆಸಿಕೊಂಡರು. ಆಮೇಲೆ ಪೆನ್ನನ್ನು ಮಗನ ಕೈಗೆ ಕೊಟ್ಟು, ಅದರ ಕೆಳಗೆ ಅಹ್ಮದ್ ಮಾಲೆಕ್ ಎಂದು ದೊಡ್ಡ ಅಕ್ಷರದಲ್ಲಿ ಬರೆಯಲು ಹೇಳಿದರು.