ಮೇಷ್ಟ್ರು, ಅಕ್ಕೋರು ಮತ್ತು ನಾರಾ

9 ನವೆಂಬರ್ 2024, ಶನಿವಾರ
ಒಸಾಕಾ, ರಾತ್ರಿ 10.30

ಅಮ್ಮ ಮಲಗಿಯಾಯ್ತು. ಮಂಡಿಗೆ ಬಿಸಿನೀರಿನ ಶಾಖ ಕೊಟ್ಟು, ಎರಡು ಕಂಬಳಿ ಹೊದಿಸಿ ಬಂದು ಇದನ್ನು ಬರೆಯುತ್ತಿದ್ದೇನೆ. ನಾಳೆಗೆ ಬಿಟ್ಟರೆ ಅರ್ಧ ಮರೆತುಹೋಗುತ್ತದೆ. ಇವತ್ತಿನ ದಿನ ಮರೆಯಬಾರದು.

ಅಮ್ಮ ಸಾಗರದಿಂದ ಬಂದು 11 ದಿನವಾಯಿತು. ನನಗೆ ರಜೆ ಸಿಕ್ಕಿದ್ದು ಇವತ್ತೇ. ಎರಡು ವಾರದ ಹಿಂದೆಯೇ ಹತ್ತಿರದ ನಾರಾ ಊರಲ್ಲಿ ಒಬ್ಬ ಗೈಡ್ ಬೇಕು ಅಂತ ಬರೆದಿದ್ದೆ. ಅಲ್ಲಿ ದುಡ್ಡು ತೆಗೆದುಕೊಳ್ಳದೆ ಊರು ತೋರಿಸುವ ಸ್ವಯಂಸೇವಕರಿದ್ದಾರೆ. ಅವರ ಓಡಾಟದ ಖರ್ಚು, ಊಟ ನಾವು ನೋಡಿಕೊಂಡರೆ ಸಾಕು. ಬಂದವರು 70 ದಾಟಿದ ಹಿರಿಯರು. ತಲೆಗೆ ಉಣ್ಣೆ ಟೊಪ್ಪಿ, ಕೈಯಲ್ಲಿ ಪ್ಲಾಸ್ಟಿಕ್ ಹಾಳೆ ಹಾಕಿದ ಚಿತ್ರಗಳ ಕಡತ. ಮೊದಲು ಶಾಲೆಯಲ್ಲಿ ಪಾಠ ಹೇಳುತ್ತಿದ್ದೆ ಅಂದರು. ಅದನ್ನು ಅಮ್ಮನಿಗೆ ಹೇಳಿದ್ದೇ ತಡ, ಅವಳ ಮುಖ ಅರಳಿತು. ಅವಳೂ 34 ವರ್ಷ ಪ್ರಾಥಮಿಕ ಶಾಲೆಯಲ್ಲಿ ಇದ್ದವಳು. ಊರಲ್ಲಿ ಈಗಲೂ ಎಲ್ಲರಿಗೂ ಅವಳು ಅಕ್ಕೋರೇ. ಆ ಕ್ಷಣದಿಂದ ಅವಳಿಗೆ ಅವರು ಗೈಡ್ ಅಲ್ಲ, ಮೇಷ್ಟ್ರು.

ಒಸಾಕಾದ ನಾಂಬಾದಿಂದ ಕಿಂತೆತ್ಸು ರೈಲಿನಲ್ಲಿ ಮುಕ್ಕಾಲು ಗಂಟೆಯೂ ಬೇಕಿಲ್ಲ. ನಾರಾ ತಲುಪುವ ಸ್ವಲ್ಪ ಮೊದಲು ರೈಲು ದೊಡ್ಡ ಹುಲ್ಲುಬಯಲಿನ ನಡುವೆ ಹೋಗುತ್ತದೆ. ಅದು ಹಳೆಯ ಅರಮನೆಯ ಜಾಗ. 710ರಿಂದ 784ರವರೆಗೆ ನಾರಾ ಜಪಾನಿನ ರಾಜಧಾನಿ. ಆಗ ಅದರ ಹೆಸರು ಹೆಯ್ಜೋ-ಕ್ಯೋ. ಚೀನಾದ ಚಾಂಗಾನ್ ನಗರವನ್ನು ನೋಡಿ ಚೌಕಚೌಕವಾಗಿ ಬೀದಿ ಹಾಕಿದ್ದರು. ಈಗ ಬಯಲಲ್ಲಿ ಮತ್ತೆ ಕಟ್ಟಿ ನಿಲ್ಲಿಸಿದ ಕೆಂಪು ಹೆಬ್ಬಾಗಿಲು ಕಾಣುತ್ತದೆ. ಅಮ್ಮ ಕಿಟಕಿಗೆ ಹಣೆ ಹಚ್ಚಿ ನೋಡಿದಳು. "ಹಂಪಿ ಮಧ್ಯ ರೈಲು ಬಿಟ್ಟಂಗಾಯ್ತಲ್ಲೇ" ಅಂದಳು.

ಮೇಷ್ಟ್ರು ಕಾಯುತ್ತಿದ್ದದ್ದು ಸ್ಟೇಷನ್ ಎದುರಿನ ಕಾರಂಜಿ ಹತ್ತಿರ. ಅದರ ನಡುವೆ ಒಬ್ಬ ಸನ್ಯಾಸಿಯ ಪ್ರತಿಮೆ. ಹೆಸರು ಗ್ಯೋಕಿ. ಕೆರೆ ತೋಡಿಸಿದವರು, ಸೇತುವೆ ಕಟ್ಟಿಸಿದವರು, ಜನ ತುಂಬ ಹಚ್ಚಿಕೊಂಡಿದ್ದ ಭಿಕ್ಷು. "ಇವರನ್ನು ನೆನಪಿಟ್ಟುಕೊಳ್ಳಿ, ಮಧ್ಯಾಹ್ನ ಮತ್ತೆ ಬರುತ್ತಾರೆ" ಅಂದರು. ಪಾಠ ಶುರು ಮಾಡುವ ರೀತಿ ಅದು. ಅಮ್ಮ ನನ್ನ ಕಡೆ ತಿರುಗಿ, "ಒಳ್ಳೇ ಮೇಷ್ಟ್ರು ಕಣೇ" ಅಂದಳು.

ಮೊದಲು ಕೋಫುಕುಜಿ ಎಂಬ ಬೌದ್ಧ ದೇವಾಲಯ. ಅಲ್ಲಿನ ಐದು ಅಂತಸ್ತಿನ ಪಗೋಡಾ ದುರಸ್ತಿಯಲ್ಲಿದೆ, ಅದನ್ನು ನೋಡಲಾಗಲಿಲ್ಲ. ಬೇಸರವೇನೂ ಆಗಲಿಲ್ಲ, ಯಾಕೆಂದರೆ ಪಕ್ಕದ ವಸ್ತುಸಂಗ್ರಹಾಲಯದಲ್ಲಿ ಆಶುರಾ ಇದ್ದಾನೆ. ಆಶುರಾ ಅಂದರೆ ನಮ್ಮ ಅಸುರ. ಮೂರು ಮುಖ, ಆರು ಕೈ. ಆದರೆ ಕೋರೆಹಲ್ಲಿಲ್ಲ, ಕೆಂಡದಂಥ ಕಣ್ಣಿಲ್ಲ. ಹದಿಮೂರು, ಹದಿನಾಲ್ಕರ ಹುಡುಗನ ಮುಖ. ಹುಬ್ಬು ಸ್ವಲ್ಪ ಗಂಟಿಕ್ಕಿದೆ. ತಪ್ಪು ಮಾಡಿ ಬಂದು, ಹೇಳಲೋ ಬೇಡವೋ ಅಂತ ನಿಂತಿರುವ ಮಗುವಿನ ಹಾಗೆ. ಅಮ್ಮ ಅವನ ಮುಂದಿನಿಂದ ಕದಲಲೇ ಇಲ್ಲ. ಇಂಥ ಮುಖಗಳನ್ನು ಅವಳು ತರಗತಿಯಲ್ಲಿ ಎಷ್ಟು ನೋಡಿದ್ದಾಳೋ.

734ರಲ್ಲಿ ಕೋಮ್ಯೋ ರಾಣಿ ತೀರಿಹೋದ ತನ್ನ ತಾಯಿಗಾಗಿ ಕಟ್ಟಿಸಿದ ಗುಡಿಯಲ್ಲಿ ಇದು ಇತ್ತಂತೆ. ಮಣ್ಣಿನ ಅಚ್ಚಿನ ಮೇಲೆ ಅರಗಿನಂಥ ಮರದ ಅಂಟಿನಲ್ಲಿ ಅದ್ದಿದ ನಾರುಬಟ್ಟೆಯನ್ನು ಪದರ ಪದರವಾಗಿ ಸುತ್ತಿ, ಒಣಗಿದ ಮೇಲೆ ಒಳಗಿನ ಮಣ್ಣು ತೆಗೆಯುತ್ತಾರೆ. ಹಾಗಾಗಿ ಒಳಗೆಲ್ಲ ಪೊಳ್ಳು. ಇಷ್ಟೆತ್ತರದ ಮೂರ್ತಿ ಸುಮಾರು 15 ಕಿಲೋ ಅಷ್ಟೇ. ಈ ದೇವಾಲಯ ಎಷ್ಟು ಸಲ ಸುಟ್ಟಿತೋ, ಪ್ರತಿ ಸಲವೂ ಯಾರೋ ಇವನನ್ನು ಎತ್ತಿಕೊಂಡು ಹೊರಗೆ ಓಡಿದ್ದಾರೆ. ಭಾರವಾಗಿದ್ದಿದ್ದರೆ ಇವತ್ತು ನಮಗೆ ಸಿಗುತ್ತಿರಲಿಲ್ಲ.

ಅವನ ಜೊತೆಗಾರರ ಹೆಸರನ್ನು ಮೇಷ್ಟ್ರು ಒಂದೊಂದಾಗಿ ಓದಿದರು. ಕರುರಾ. ಕಿನ್ನರಾ. ಕೆಂದತ್ಸುಬಾ. ಹಕ್ಕಿಯ ಕೊಕ್ಕು ನೋಡಿದ ಕೂಡಲೇ ಅಮ್ಮ, "ಗರುಡ!" ಅಂದಳು. ಕೆಂದತ್ಸುಬಾ ಅಂದರೆ ಗಂಧರ್ವ ಅಂತ ನಾನು ಫೋನಿನಲ್ಲಿ ಹುಡುಕಿ ಹೇಳಬೇಕಾಯಿತು. ಕಿನ್ನರನಿಗೆ ಯಾರ ಸಹಾಯವೂ ಬೇಕಾಗಲಿಲ್ಲ.

ಜಿಂಕೆಗಳ ಬಗ್ಗೆ ಎಲ್ಲರೂ ಬರೆದಿದ್ದಾರೆ, ನಾನು ಜಾಸ್ತಿ ಬರೆಯಲ್ಲ. ಸಾವಿರದ ಮೇಲಿವೆ. ಇಲ್ಲಿನ ಕಸುಗಾ ಗುಡಿಯ ದೇವರು ಬಿಳಿ ಜಿಂಕೆ ಏರಿ ಬಂದರು ಅಂತ ನಂಬಿಕೆ, ಅದಕ್ಕೇ ಯಾರೂ ಕೊಲ್ಲುವುದಿಲ್ಲ. ಅಕ್ಟೋಬರದಲ್ಲಿ ಕೊಂಬು ಕತ್ತರಿಸುತ್ತಾರೆ. ಈಗ ಗಂಡುಗಳ ತಲೆ ಮೇಲೆ ಬರೀ ಮೋಟು. 200 ಯೆನ್‌ಗೆ ಒಂದು ಕಟ್ಟು ಬಿಸ್ಕತ್ತು ಕೊಂಡೆವು. ಅದು ಅಕ್ಕಿ ತೌಡು ಮತ್ತು ಹಿಟ್ಟಿನದು, ಸಕ್ಕರೆ ಇಲ್ಲ. ಸುತ್ತಿದ ಕಾಗದದ ಪಟ್ಟಿಯನ್ನು ಜಿಂಕೆ ತಿಂದರೂ ಏನೂ ಆಗದ ಹಾಗೆ ಮಾಡಿದ್ದಾರೆ. ತೌಡು ಅಂದ ಕೂಡಲೇ ಅಮ್ಮನಿಗೆ ಕೊಟ್ಟಿಗೆ ನೆನಪಾಯಿತು. ಒಂದು ಮರಿ ಅವಳ ಸೆರಗು ಹಿಡಿದು ಜಗ್ಗಿತು. "ತಡಿಯೋ, ತಡಿಯೋ, ಕೊಡ್ತೀನಿ" ಅಂತ ಕನ್ನಡದಲ್ಲೇ ಗದರಿದಳು. ಅದು ಬಿಟ್ಟಿತು.

ನಾನು ನೋಡಿರದ ಒಂದನ್ನು ಮೇಷ್ಟ್ರು ತೋರಿಸಿದರು. ಉದ್ಯಾನದ ಮರಗಳ ಕೆಳಗಿನ ಕೊಂಬೆಗಳು ಎಲ್ಲ ಕಡೆ ಒಂದೇ ಮಟ್ಟಕ್ಕೆ ನಿಂತಿವೆ, ದಾರ ಹಿಡಿದು ಕತ್ತರಿಸಿದ ಹಾಗೆ. ಜಿಂಕೆಯ ಬಾಯಿ ಎಲ್ಲಿಯವರೆಗೆ ಎಟಕುತ್ತದೋ ಅಲ್ಲಿಯವರೆಗೆ ಎಲೆಯಿಲ್ಲ. ಹಿಂದೆ ಕಾಣುವ ಬೆಟ್ಟದ ಕಾಡಿನಲ್ಲಿ 841ರಿಂದ ಮರ ಕಡಿಯುವಂತಿಲ್ಲ, ಬೇಟೆಯಾಡುವಂತಿಲ್ಲ. ಊರಿನ ಅಂಚಿನಲ್ಲೇ ಅಷ್ಟು ದಟ್ಟ ಕಾಡು. "ನಮ್ಮ ದೇವರಕಾನು ಇದ್ದಂಗೆ" ಅಂದಳು ಅಮ್ಮ. ನಮ್ಮ ಕಡೆಯ ಕಾನುಗಳಲ್ಲಿ ಎಷ್ಟು ಉಳಿದಿವೆ ಅಂತ ಯೋಚಿಸಿ ಇಬ್ಬರೂ ಸುಮ್ಮನಾದೆವು.

ಆಮೇಲೆ ತೋದಾಯ್‌ಜಿ ದೇವಾಲಯ.

ಹೆಬ್ಬಾಗಿಲಲ್ಲಿ ಇಬ್ಬರು ಮರದ ದ್ವಾರಪಾಲಕರು. ಒಬ್ಬೊಬ್ಬರೂ 8 ಮೀಟರಿಗಿಂತ ಎತ್ತರ. 1203ರಲ್ಲಿ ಉಂಕೇ, ಕಾಯ್‌ಕೇ ಮತ್ತವರ ಶಿಷ್ಯರು ಎರಡು ತಿಂಗಳ ಚಿಲ್ಲರೆಯಲ್ಲಿ ಕೆತ್ತಿ ಮುಗಿಸಿದರಂತೆ. ಅದನ್ನು ದಾಟಿ ನಡೆದರೆ ದೊಡ್ಡ ಬುದ್ಧನ ಮನೆ ಎದುರಾಗುತ್ತದೆ. ಅಗಲ 57 ಮೀಟರ್. ಇದು 1709ರಲ್ಲಿ ಮುಗಿದ ಕಟ್ಟಡ, ಮೊದಲಿನದಕ್ಕಿಂತ ಮೂರನೇ ಒಂದು ಭಾಗದಷ್ಟು ಚಿಕ್ಕದು! 1180ರಲ್ಲಿ ಒಮ್ಮೆ, 1567ರಲ್ಲಿ ಇನ್ನೊಮ್ಮೆ ಯುದ್ಧದ ಬೆಂಕಿಗೆ ಸುಟ್ಟುಹೋಗಿತ್ತು. ಬುದ್ಧನ ತಲೆಯೂ ಬೇರೆ ಬೇರೆ ಕಾಲದಲ್ಲಿ ಬಿದ್ದು, ಮತ್ತೆ ಎರಕ ಹೊಯ್ದದ್ದು. ಪೀಠದ ಕಮಲದ ದಳಗಳಲ್ಲಿ ಕೆಲವು ಮಾತ್ರ ಮೊದಲಿನವೇ.

ಒಳಗೆ ಕತ್ತಲು, ಧೂಪದ ವಾಸನೆ. ತಲೆ ಎತ್ತಿದರೆ 15 ಮೀಟರಿನ ಕಂಚಿನ ಬುದ್ಧ. ವೈರೋಚನ ಬುದ್ಧ, ಇವರ ಬಾಯಲ್ಲಿ ರುಶಾನಾ. ಬಲಗೈ ನೋಡಿ ಅಮ್ಮ "ಅಭಯ" ಅಂದಳು, ಎಡಗೈ ನೋಡಿ "ವರದ" ಅಂದಳು. ಎರಡೂ ಸರಿ ಅಂತ ಮೇಷ್ಟ್ರು ತಲೆಯಾಡಿಸಿದರು.

ನಂತರ ಒಂದು ಕಂಬಕ್ಕೆ ಒರಗಿ ಅವರು ಕಥೆ ಹೇಳಿದರು. ನಾನು ಸಾಲುಸಾಲಾಗಿ ಅಮ್ಮನಿಗೆ ಕನ್ನಡ ಮಾಡಿದೆ. 735ರಿಂದ 737ರವರೆಗೆ ಈ ದೇಶದಲ್ಲಿ ಸಿಡುಬು ಹಬ್ಬಿತು. ಆಡಳಿತ ನಡೆಸುತ್ತಿದ್ದ ಫುಜಿವಾರಾ ಮನೆತನದ ನಾಲ್ವರು ಅಣ್ಣತಮ್ಮಂದಿರು 737ರ ಒಂದೇ ವರ್ಷದಲ್ಲಿ ಸತ್ತರು. ಹೊಲ ಮಾಡುವವರಿಲ್ಲ. ಶೋಮು ಚಕ್ರವರ್ತಿ 743ರಲ್ಲಿ ಬುದ್ಧನ ದೊಡ್ಡ ಮೂರ್ತಿ ಮಾಡಿಸುತ್ತೇನೆ ಅಂತ ಸಾರಿದ. ಒಂದು ಹುಲ್ಲುಕಡ್ಡಿ, ಒಂದು ಹಿಡಿ ಮಣ್ಣು ತಂದವರನ್ನೂ ಬೇಡ ಅನ್ನಬೇಡಿ ಅಂತ ಆಜ್ಞೆಯಲ್ಲೇ ಬರೆಸಿದ್ದ. ಊರೂರು ತಿರುಗಿ ಜನರನ್ನು ಸೇರಿಸಿದವರು ಬೆಳಿಗ್ಗೆ ಕಾರಂಜಿಯಲ್ಲಿ ಕಂಡ ಗ್ಯೋಕಿ. ಅವರು 749ರಲ್ಲಿ ತೀರಿಕೊಂಡರು, ಮುಗಿದದ್ದನ್ನು ನೋಡಲಿಲ್ಲ.

752ರಲ್ಲಿ ಮೂರ್ತಿಗೆ ಕಣ್ಣು ಬರೆಯುವ ದಿನ ಬಂತು. ಶೋಮುವಿಗೆ ಆರೋಗ್ಯ ಸರಿಯಿರಲಿಲ್ಲ. ಕುಂಚ ಹಿಡಿದವರು ಬೋಧಿಸೇನ. ದಕ್ಷಿಣ ಭಾರತದಿಂದ ಚೀನಾಕ್ಕೆ ಹೋಗಿ, ಅಲ್ಲಿಂದ ಜಪಾನಿನವರು ಕರೆದದ್ದಕ್ಕೆ ಹಡಗು ಹತ್ತಿ 736ರಲ್ಲಿ ಬಂದಿಳಿದ ಭಿಕ್ಷು. ಕೊನೆಗೆ ಬಂದು ಸೇರಿದ್ದು ನಾನಿವಾ ಬಂದರಿಗೆ. ನಾನಿವಾ ಅಂದರೆ ಈಗಿನ ಒಸಾಕಾ, ನಾನಿರುವ ಊರು. ಎದುರುಗೊಂಡವರು ಅದೇ ಗ್ಯೋಕಿ. ಇಲ್ಲಿಯವರು ಬೋಧಿಸೇನರನ್ನು ಬರಮೊನ್ ಸೋಜೋ ಅಂತ ಕರೆದರು. ಬರಮೊನ್ ಅಂದರೆ ಬ್ರಾಹ್ಮಣ, ಸೋಜೋ ಅಂದರೆ ಭಿಕ್ಷುಗಳ ಹಿರಿಯ ಪದವಿ. ಅವರು ವಾಪಸ್ ಹೋಗಲಿಲ್ಲ. 760ರಲ್ಲಿ ಇಲ್ಲೇ ತೀರಿಕೊಂಡರು.

ಅವರ ಕುಂಚಕ್ಕೆ ಉದ್ದನೆಯ ನೀಲಿ ರೇಷ್ಮೆ ದಾರ ಕಟ್ಟಿದ್ದರಂತೆ. ಕೆಳಗೆ ನೆರೆದವರು ಆ ದಾರ ಹಿಡಿದು ನಿಂತರು, ತಾವೂ ಕಣ್ಣು ಬರೆದ ಹಾಗಾಗಲಿ ಅಂತ. ಆ ಕುಂಚ, ಆ ದಾರ ಎರಡೂ ಈಗಲೂ ಇವೆ. ಈ ಗುಡಿಯ ಹಿಂಬದಿಯ ಶೋಸೋಯಿನ್ ಭಂಡಾರದಲ್ಲಿ ಇಟ್ಟಿದ್ದಾರೆ. ಸುಟ್ಟ ಮೂರ್ತಿಯನ್ನು ಸರಿಮಾಡಿ 1185ರಲ್ಲಿ ಮತ್ತೆ ಕಣ್ಣು ಬರೆದಾಗ ಅದೇ ಕುಂಚವನ್ನು ಹೊರತೆಗೆದಿದ್ದರಂತೆ.

ಇದನ್ನು ಕನ್ನಡದಲ್ಲಿ ಹೇಳುವಾಗ ನನ್ನ ಗಂಟಲು ಕಟ್ಟಿತು. ನಾನು ಇಲ್ಲಿಗೆ ಬಂದು ಎರಡು ವರ್ಷ. ಮೊದಲ ಚಳಿಗಾಲದಲ್ಲಿ ಇಲ್ಲಿ ನನ್ನವರು ಅಂತ ಯಾರೂ ಇಲ್ಲ ಅಂತ ಎಷ್ಟು ರಾತ್ರಿ ಅತ್ತಿದ್ದೇನೆ. ಅದೇ ಬಂದರಿನಲ್ಲಿ ನಮ್ಮ ಕಡೆಯವರೊಬ್ಬರು ಇಳಿದಾಗ ಎದುರುಗೊಳ್ಳಲು ಒಬ್ಬರು ಬಂದಿದ್ದರು. ಅಮ್ಮ ಏನೂ ಕೇಳಲಿಲ್ಲ. ನನ್ನ ಕೈ ಹಿಡಿದುಕೊಂಡು ನಿಂತಳು.

ಊಟಕ್ಕೆ ನಾರಾಮಾಚಿ ಎಂಬ ಹಳೇ ಬೀದಿಗಳ ಕಡೆಯ ಒಂದು ಹಳೇ ಮನೆ. ಅಮ್ಮ ಮೀನು, ಮಾಂಸ ಮುಟ್ಟುವುದಿಲ್ಲ ಅಂತ ಮೇಷ್ಟ್ರು ಮೊದಲೇ ಫೋನ್ ಮಾಡಿ ತಿಳಿಸಿದ್ದರು. ಇಲ್ಲಿ ಸಾರಿಗೂ ಮೀನಿನ ರಸ ಬೀಳುತ್ತದೆ, ಕೇಳದಿದ್ದರೆ ಗೊತ್ತೇ ಆಗುವುದಿಲ್ಲ. ಸಿಕ್ಕಿದ್ದು ಚಾಗಾಯು. ಹುರಿದ ಚಹಾಎಲೆಯ ನೀರಿನಲ್ಲಿ ಬೇಯಿಸಿದ ತೆಳ್ಳನೆಯ ಗಂಜಿ. ಅಮ್ಮ ಚೀಲದಿಂದ ಮಿಡಿ ಉಪ್ಪಿನಕಾಯಿ ತೆಗೆದಳು. ಮೇಷ್ಟ್ರಿಗೂ ಒಂದು ಮಿಡಿ ಬಡಿಸಿದಳು. ಅವರು ಒಂದು ಸಲ ಕಣ್ಣು ಮುಚ್ಚಿ, ಆಮೇಲೆ ಪೂರ್ತಿ ತಿಂದರು.

ಮಧ್ಯಾಹ್ನ ಮತ್ತೆ ಬೆಟ್ಟದ ಕಡೆ ಬಂದೆವು. ನಿಗತ್ಸುದೋ ಎಂಬ ಗುಡಿ ಮೇಲಕ್ಕಿದೆ, ಮೆಟ್ಟಿಲು ಜಾಸ್ತಿ. ಅಮ್ಮನ ಮಂಡಿ ಸೋತಿತ್ತು. "ನೀ ಹೋಗ್ಬಾ, ನಾವಿಲ್ಲಿ ಕೂತಿರ್ತೀವಿ" ಅಂದಳು. ಮೇಷ್ಟ್ರೂ ಅವಳ ಜೊತೆ ಬೆಂಚಿನ ಮೇಲೆ ಕೂತರು. ನಾನೊಬ್ಬಳೇ ಹತ್ತಿದೆ. ಅಲ್ಲಿ ಪ್ರತಿ ಮಾರ್ಚ್‌ನಲ್ಲಿ ಭಿಕ್ಷುಗಳ ವ್ರತ ನಡೆಯುತ್ತದೆ. ರಾತ್ರಿ ಅವರ ಸಹಾಯಕರು ದೊಡ್ಡ ದೊಡ್ಡ ಪಂಜು ಹಿಡಿದು ಜಗಲಿಯಲ್ಲಿ ಓಡುತ್ತಾರೆ, ಕಿಡಿ ಬಿದ್ದರೆ ಒಳ್ಳೇದು ಅಂತ ಜನ ಕೆಳಗೆ ಕಾಯುತ್ತಾರೆ. 752ರಲ್ಲಿ ಶುರುವಾದದ್ದು ಒಂದು ವರ್ಷವೂ ತಪ್ಪಿಲ್ಲ. ಜಗಲಿಯಿಂದ ಇಡೀ ಊರು ಕಂಡಿತು. ಬಿಸಿಲು ಇಳಿಯುತ್ತಿತ್ತು. ಆದರೆ ಕೆಳಗೆ ಇಬ್ಬರೂ ಒಬ್ಬರ ಮಾತು ಒಬ್ಬರಿಗೆ ತಿಳಿಯದೆ ಏನು ಮಾಡುತ್ತಿದ್ದಾರೋ ಅಂತ ಬೇಗ ಇಳಿದೆ.

ಇಬ್ಬರೂ ಬಗ್ಗಿ ಕೂತು ಬರೆಯುತ್ತಿದ್ದರು. ಅಮ್ಮನ ಪುಟ್ಟ ನೋಟ್‌ಬುಕ್ ನಡುವೆ ಇತ್ತು. ಮೇಷ್ಟ್ರು ಜಪಾನಿ ಅಕ್ಷರ ಬರೆದು ಓದುತ್ತಿದ್ದರು: ಅ, ಇ, ಉ, ಎ, ಒ. ಅಮ್ಮ ಪಕ್ಕದಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದಳು. ಆಮೇಲೆ ಕ, ಸ, ತ, ನ, ಹ, ಮ, ಯ, ರ, ವ. ಅಮ್ಮ ತಲೆ ಎತ್ತಿ ನನ್ನನ್ನು ನೋಡಿದಳು. ಕಣ್ಣು ಹೊಳೆಯುತ್ತಿತ್ತು. "ಏನೇ ಇದು? ಇವರೂ ನಮ್ಮಂಗೇ ಅಕ್ಷರಮಾಲೆ ಹೇಳ್ತಾರಲ್ಲೇ! ಕ ಆದ್ಮೇಲೆ ತ, ನ. ಕೊನೇಗೆ ಯ, ರ, ವ. ನಡುವೆ ಎರಡು ಮಾತ್ರ ತಪ್ಪಿದೆ. ಚ ಇರಬೇಕಾದ ಕಡೆ ಸ ಇದೆ, ಪ ಇರಬೇಕಾದ ಕಡೆ ಹ ಇದೆ."

ಮೇಷ್ಟ್ರಿಗೆ ಹೇಳಿದೆ. ಅವರು ಎದ್ದು ನಿಂತು ಅಮ್ಮನಿಗೆ ಬಗ್ಗಿ ವಂದಿಸಿದರು. ತಪ್ಪಿಲ್ಲ, ಬಹಳ ಹಿಂದೆ ನಮ್ಮ ಹ ನಿಜವಾಗಿ ಪ ಆಗಿತ್ತು, ಸ ಕೂಡ ಚ ಹತ್ತಿರದ ಉಚ್ಚಾರ ಅಂತ ಪಂಡಿತರು ಹೇಳುತ್ತಾರೆ ಅಂದರು. ಇಲ್ಲಿನ ಭಿಕ್ಷುಗಳು ಮಂತ್ರಕ್ಕಾಗಿ ಸಿದ್ಧಂ ಎಂಬ ಭಾರತದ ಹಳೇ ಲಿಪಿಯಲ್ಲಿ ಸಂಸ್ಕೃತ ಕಲಿಯುತ್ತಿದ್ದರು. ಆ ಕಲಿಕೆಯಿಂದಲೇ ಈ ಸಾಲು ಬಂತು. ಯಾರೋ ಒಬ್ಬರು ತಂದದ್ದಲ್ಲ, ಎಷ್ಟೋ ತಲೆಮಾರಿನ ಕೆಲಸ. ಆದರೆ ಬೋಧಿಸೇನರೂ ದಾಯ್‌ಆನ್‌ಜಿ ಎಂಬ ಇಲ್ಲಿನ ದೇವಾಲಯದಲ್ಲಿದ್ದುಕೊಂಡು ಸಂಸ್ಕೃತ ಕಲಿಸಿದ್ದರು. ಅಮ್ಮ ಇದನ್ನು ಕೇಳಿ, "ಅವರೂ ಮೇಷ್ಟ್ರೇ ಅನ್ನು" ಅಂದಳು.

ಕಸುಗಾ ಗುಡಿಗೆ ಹೋಗುವಷ್ಟರಲ್ಲಿ ಹೊತ್ತು ಮೀರಿತ್ತು. ಪಾಚಿ ಹಿಡಿದ ಕಲ್ಲಿನ ದೀಪಗಳ ಸಾಲಿನಲ್ಲಿ ಸ್ವಲ್ಪ ದೂರ ನಡೆದು ವಾಪಸಾದೆವು. ಅಲ್ಲಿ ಎಲ್ಲ ಸೇರಿ ಸುಮಾರು 3000 ದೀಪಗಳಿವೆ. ಫೆಬ್ರವರಿಯಲ್ಲಿ, ಆಗಸ್ಟಿನಲ್ಲಿ ಎಲ್ಲವನ್ನೂ ಹಚ್ಚುತ್ತಾರಂತೆ. ಅದಕ್ಕೆ ಇನ್ನೊಮ್ಮೆ ಬರಬೇಕು.

ಸ್ಟೇಷನ್ನಿನವರೆಗೂ ಮೇಷ್ಟ್ರು ಬಂದರು. ರೈಲಿನಲ್ಲಿ ಅಮ್ಮ ನೋಟ್‌ಬುಕ್ ತೆರೆದೇ ಕೂತಿದ್ದಳು. ಹೊರಗೆ ಕತ್ತಲು, ಅರಮನೆಯ ಬಯಲು ಯಾವಾಗ ದಾಟಿತೋ ಗೊತ್ತಾಗಲಿಲ್ಲ.

"ವ ಆದ್ಮೇಲೆ ಕೊನೇಲಿ ಇನ್ನೊಂದು ಬರೆದಿದ್ದಾರೆ. ಇದೇನು?" ಅಂದಳು.

"ಅದು ನ್. ಪದದ ಶುರುವಲ್ಲಿ ಬರಲ್ಲ. ಬೇರೆ ಅಕ್ಷರ ಆದ್ಮೇಲೆ ಮಾತ್ರ ಬರುತ್ತೆ. ಮುಂದೆ ಪ ಬಂದರೆ ಮ್ ಆಗುತ್ತೆ, ಕ ಬಂದರೆ ಙ್ ಆಗುತ್ತೆ."

ಅಮ್ಮ ಒಂದು ನಿಮಿಷ ಯೋಚಿಸಿದಳು. ಪೆನ್ನು ತೆಗೆದಳು.

"ಹಂಗಾದ್ರೆ ಅದು ಸೊನ್ನೆ" ಅಂದು, ಅದರ ಪಕ್ಕದಲ್ಲಿ ದುಂಡಗೆ ಒಂದು ಅನುಸ್ವಾರ ಬರೆದಳು.