ಒಣಗಿದ ಚೇಳುಕೊಂಡಿಗೆ ಬಂದ ನೆಂಟರು

ನಮ್ಮೂರು ಕೋಲಾರ ತಾಲ್ಲೂಕಿನ ನರಸಾಪುರದ ಹತ್ತಿರ. ನಾನು ಚಿಕ್ಕವಳಿದ್ದಾಗ ಕೆರೆಯಲ್ಲಿ ನೀರಿಗಿಂತ ಬಿರುಕೇ ಜಾಸ್ತಿ. ಆ ಬಿರುಕುಗಳ ನಡುವೆ, ಜಾಲಿ ಬಿಟ್ಟರೆ, ಹಸಿರಾಗಿ ನಿಲ್ಲುತ್ತಿದ್ದದ್ದು ಚೇಳುಕೊಂಡಿ ಗಿಡ. ಅಜ್ಜಿಯ ಮಾತು ಅರ್ಧ ತೆಲುಗು, ಅವಳಿಗೆ ಅದು ತೇಲುಕೊಂಡಿ.

ಹೂಗೊಂಚಲು ಥೇಟ್ ಚೇಳಿನ ಬಾಲ. ಬುಡದ ಹೂ ಮೊದಲು ಅರಳುತ್ತದೆ. ಅರಳುತ್ತಾ ಹೋದಂತೆ ಸುರುಳಿ ಬಿಚ್ಚಿ ನೆಟ್ಟಗಾಗುತ್ತದೆ. ಒಂದೊಂದು ಹೂ ಕೊತ್ತಂಬರಿ ಬೀಜದಷ್ಟು, ತಿಳಿ ನೇರಳೆ, ನಡುವೆ ಚೂರು ಹಳದಿ. ಎಲೆ ಒರಟು, ಕುರಿಗಳೂ ಬಾಯಿ ಹಾಕಲ್ಲ. ಚೇಳು ಕಚ್ಚಿದರೆ ಅಜ್ಜಿ ಇದರ ಸೊಪ್ಪು ಅರೆದು ಹಚ್ಚುತ್ತಿದ್ದಳು. ಹೂವು ಚೇಳಿನ ಹಾಗಿದೆ ಅಂತ ಔಷಧಿಯಾಗುತ್ತಾ? ನನಗಂತೂ ನಂಬಿಕೆಯಿಲ್ಲ. ಹೊಟ್ಟೆಗಂತೂ ಬೇಡವೇ ಬೇಡ, ಲಿವರ್ ಕೆಡಿಸುವ ವಿಷ ಇದರಲ್ಲಿದೆ.

2018ರಲ್ಲಿ ಕೆ.ಸಿ. ವ್ಯಾಲಿ ನೀರು, ಅಂದರೆ ಬೆಂಗಳೂರಿನ ಸಂಸ್ಕರಿಸಿದ ಕೊಳಚೆ ನೀರು, ಜಿಲ್ಲೆಗೆ ಬಂತು. ಆಮೇಲೆ ನಮ್ಮ ಕೆರೆಯೂ ತುಂಬಿತು. ಚೇಳುಕೊಂಡಿ ದಡ ಹತ್ತಿ ಅಣ್ಣನ ಟೊಮ್ಯಾಟೊ ತೋಟದ ಬದುವಿಗೆ ಬಂದು ಕೂತಿದೆ.

ಈ ದೀಪಾವಳಿಗೆ ಹೋದಾಗ ಅತ್ತಿಗೆ ಜೊತೆ ಸೇರಿ ಬದು ಚೊಕ್ಕ ಮಾಡಿದೆ. ಕಿತ್ತ ಗಿಡಗಳನ್ನೆಲ್ಲ ಪಂಪ್‌ಸೆಟ್ ಮನೆ ಪಕ್ಕ ಗುಡ್ಡೆ ಹಾಕಿದೆವು. ನಾಲ್ಕನೇ ದಿನ ನೋಡುತ್ತೇನೆ, ಒಣಗಿದ ಗುಡ್ಡೆಯ ಮೇಲೆ ಚಿಟ್ಟೆಗಳ ಸಂತೆ! ಕಪ್ಪು ರೆಕ್ಕೆ, ತಿಳಿ ನೀಲಿ ಪಟ್ಟೆ. ಬ್ಲೂ ಟೈಗರ್. ಕೈ ಹತ್ತಿರ ಒಯ್ದರೂ ಏಳಲಿಲ್ಲ. ಪಕ್ಕದಲ್ಲೇ ಉಳಿದಿದ್ದ ಹಸಿ ಗಿಡದ ಹೂವಿಗೆ ಒಂದೂ ಹೋಗಿರಲಿಲ್ಲ.

"ಹೂವು ಬಿಟ್ಟು ಕಸಕ್ಕೆ ಮುತ್ತುತ್ತವಲ್ಲ, ಇವಕ್ಕೇನು ಬಂತು?" ಅಂದಳು ಅತ್ತಿಗೆ.

ಅವು ಬಂದದ್ದು ಆ ವಿಷಕ್ಕೇ. ಗಿಡ ಬಾಡಿದಾಗ ಅದು ಸುಲಭವಾಗಿ ಸಿಗುತ್ತದೆ. ಚಿಟ್ಟೆ ಸೊಂಡಿಲಿನಿಂದ ಒಂದು ಹನಿ ಬಿಟ್ಟು, ಒಣ ಕಡ್ಡಿ ನೆನೆಸಿ, ಮತ್ತೆ ಹೀರಿಕೊಳ್ಳುತ್ತದೆ. ಹೀಗೆ ಬರುವವು ಹೆಚ್ಚಾಗಿ ಗಂಡುಗಳು. ಹೆಣ್ಣನ್ನು ಒಲಿಸುವ ಪರಿಮಳ ತಯಾರಾಗುವುದು ಈ ಸರಕಿನಿಂದಲೇ. ಮೈಯೂ ಕಹಿಯಾಗುತ್ತದೆ, ಹಕ್ಕಿಗಳು ದೂರ. ಮದುವೆಗೆ ಅತ್ತರು, ಜೊತೆಗೆ ರಕ್ಷೆ, ಎರಡೂ ಒಂದೇ ಅಂಗಡಿಯಲ್ಲಿ!

ಅತ್ತಿಗೆ ಗುಡ್ಡೆಗೆ ಬೆಂಕಿ ಹಾಕಬೇಕು ಅಂತಿದ್ದವಳು ಸುಮ್ಮನಾದಳು. ಸಂಜೆ ನಾವಿಬ್ಬರೂ ಮೂರು ಕಂತೆ ಕಟ್ಟಿ ಬೇಲಿಗೆ ತೂಗುಹಾಕಿದೆವು. ನಿನ್ನೆ ಫೋನ್ ಮಾಡಿದ್ದಳು. ಹದಿನಾಲ್ಕು ಎಣಿಸಿದಳಂತೆ, ಆಮೇಲೆ ಹಾಲು ಕರೆಯೋಕೆ ಹೊತ್ತಾಯಿತು ಅಂತ ಬಿಟ್ಟಳಂತೆ.